ನೋಡುವುದು ಮತ್ತು ಜೊತೆಗಿರುವುದು: ದೀಪಾ ಧನರಾಜ್ ಅವರ ಸಾಕ್ಷ್ಯಚಿತ್ರಗಳು ಹಾಗೂ ಬೀದರ ಗಡಿನಾಡಿನ ಪ್ರಶ್ನೆಗಳು

1. ಪೀಠಿಕೆ

ಬೀದರ ಜಿಲ್ಲೆಯನ್ನು ಕುರಿತು ಬಂದಿರುವ ಬರಹಗಳನ್ನೂ ದೃಶ್ಯ ದಾಖಲೆಗಳನ್ನೂ ಒಟ್ಟಾಗಿ ಪರಿಶೀಲಿಸಿದರೆ ಅವುಗಳಲ್ಲಿ ಎರಡು ಬಗೆಯ ನೋಟಗಳು ಪ್ರಧಾನವಾಗಿರುವುದು ಕಂಡುಬರುತ್ತದೆ. ಮೊದಲನೆಯದು ಪ್ರವಾಸಿಯ ನೋಟ. ಬಹಮನಿ ಅರಸರ ಕೋಟೆ, 1472ರಲ್ಲಿ ಕಟ್ಟಿದ ಮಹಮೂದ್ ಗವಾನನ ಮದರಸಾ, ಅಷ್ಟೂರಿನ ಗುಮ್ಮಟಗಳು, ಬಿದ್ರಿ ಪಾತ್ರೆಗಳ ಬೆಳ್ಳಿಯ ಕುಸುರಿ ಇವು ಈ ನೋಟದ ವಸ್ತುಗಳು. ಎರಡನೆಯದು ಅಧಿಕಾರಿಯ ನೋಟ. ನಿಜಾಮ ಸರಕಾರದ ಕಂದಾಯ ದಾಖಲೆಗಳಿಂದ ಹಿಡಿದು 2002ರಲ್ಲಿ ಸಲ್ಲಿಕೆಯಾದ ಡಾ. ಡಿ.ಎಂ. ನಂಜುಂಡಪ್ಪ ಸಮಿತಿಯ ವರದಿಯವರೆಗೆ ಈ ನೋಟವು ಜನರನ್ನು ಅಂಕಿಸಂಖ್ಯೆಗಳಾಗಿ, ತಾಲ್ಲೂಕುಗಳನ್ನು ಹಿಂದುಳಿದಿರುವಿಕೆಯ ಸೂಚ್ಯಂಕಗಳಾಗಿ ಗ್ರಹಿಸಿದೆ. ಇಂತಹ ವರದಿಗಳ ಉಪಯುಕ್ತತೆಯನ್ನು ಅಲ್ಲಗಳೆಯುವಂತಿಲ್ಲ. 2013ರಲ್ಲಿ ಜಾರಿಗೆ ಬಂದ ಸಂವಿಧಾನದ 371 ಜೆ ವಿಧಿಯ ಹಿಂದೆ ಪ್ರಾದೇಶಿಕ ಅಸಮತೋಲನವನ್ನು ಕುರಿತ ಇಂತಹ ಅಧ್ಯಯನಗಳ ಬಲವಿದೆ. ಆದರೆ ಈ ಎರಡೂ ನೋಟಗಳಿಗೆ ಸಮಾನವಾದ ಒಂದು ಮಿತಿಯಿದೆ. ಎರಡರಲ್ಲಿಯೂ ನೋಡುವವರು ಹೊರಗಿನವರು, ನೋಡಿಸಿಕೊಳ್ಳುವವರಿಗೆ ಮಾತಿಲ್ಲ.

ಈ ಮಿತಿಯನ್ನು ಮೀರುವ ಭರವಸೆಯನ್ನು ಕೊಟ್ಟ ಮಾಧ್ಯಮಗಳಲ್ಲಿ ವೀಕ್ಷಣಾತ್ಮಕ ಸಾಕ್ಷ್ಯಚಿತ್ರವೂ ಒಂದು. ಹಿನ್ನೆಲೆಯ ವ್ಯಾಖ್ಯಾನವಿಲ್ಲದೆ, ಪೂರ್ವಸಿದ್ಧ ಚಿತ್ರಕಥೆಯಿಲ್ಲದೆ, ಜನರ ಬದುಕು ಅದರ ಪಾಡಿಗೆ ಸಾಗುತ್ತಿರುವಾಗ ತಾಳ್ಮೆಯಿಂದ ನೋಡುವುದು ಅದರ ವಿಧಾನ. ಆದರೆ ತಾಳ್ಮೆಯಿಂದ ನೋಡಿದ ಮಾತ್ರಕ್ಕೆ ನ್ಯಾಯವಾಗಿ ನೋಡಿದಂತಾಗುತ್ತದೆಯೇ? ಈ ಪ್ರಶ್ನೆಗೆ ಕರ್ನಾಟಕದಲ್ಲಿ ದೀರ್ಘಕಾಲ ಉತ್ತರ ಹುಡುಕಿದವರಲ್ಲಿ ಬೆಂಗಳೂರನ್ನು ನೆಲೆಯಾಗಿಸಿಕೊಂಡ ದೀಪಾ ಧನರಾಜ್ ಪ್ರಮುಖರು. 1980ರಿಂದ ನಾಲ್ಕು ದಶಕಗಳ ಕಾಲ ವ್ಯಾಪಿಸಿರುವ ಅವರ ಚಿತ್ರಗಳು ನಿಪ್ಪಾಣಿ, ಪುಣೆ, ಹೈದರಾಬಾದು ಮುಂತಾದ ಊರುಗಳಲ್ಲಿ ರೂಪುಗೊಂಡಿವೆ. ಈ ಊರುಗಳು ಬೀದರ ಜಿಲ್ಲೆಯ ಓದುಗರಿಗೆ ದೂರದವಲ್ಲ. ನಿಪ್ಪಾಣಿ ಔರಾದ, ಭಾಲ್ಕಿಗಳಂತೆಯೇ ಕನ್ನಡ ಮರಾಠಿಗಳೆರಡೂ ಬದುಕುವ ಗಡಿಯ ಊರು. ಪುಣೆ ಈ ತಾಲ್ಲೂಕುಗಳ ಜನ ದುಡಿಮೆ ಅರಸಿ ಹೋಗುವ ನಗರಗಳಲ್ಲೊಂದು. ಹೈದರಾಬಾದು 1956ರ ರಾಜ್ಯ ಪುನರ್ವಿಂಗಡಣೆಯವರೆಗೆ ಬೀದರದ ರಾಜಧಾನಿ, ಇಂದಿಗೂ ಓದು, ವ್ಯಾಪಾರ, ಆಸ್ಪತ್ರೆಗಳಿಗಾಗಿ ಇಲ್ಲಿನ ಜನ ಮೊದಲು ನೆನೆಯುವ ನಗರ. ಆದ್ದರಿಂದ ದೀಪಾ ಧನರಾಜ್ ಅವರ ಚಿತ್ರಜೀವನವನ್ನು ಬೀದರ ಗಡಿನಾಡಿನ ನೆಲೆಯಿಂದ ಓದುವುದು ಸಾಧ್ಯ ಮತ್ತು ಅಗತ್ಯ. ಅಂತಹ ಓದನ್ನು ಪ್ರಸ್ತುತ ಲೇಖನ ಪ್ರಯತ್ನಿಸುತ್ತದೆ.

2. ವೀಕ್ಷಣೆ ಎಂಬ ಪರಿಕಲ್ಪನೆ

ಸ್ವಾತಂತ್ರ್ಯಾನಂತರದ ಭಾರತದಲ್ಲಿ ಸಾಕ್ಷ್ಯಚಿತ್ರವೆಂದರೆ ಬಹುಕಾಲ ಫಿಲ್ಮ್ಸ್ ಡಿವಿಜನ್ನಿನ ಚಿತ್ರವೆಂದೇ ಅರ್ಥವಾಗಿತ್ತು. 1948ರಲ್ಲಿ ಸ್ಥಾಪನೆಯಾದ ಈ ಸಂಸ್ಥೆಯ ವಾರ್ತಾಚಿತ್ರಗಳನ್ನೂ ಕಿರುಚಿತ್ರಗಳನ್ನೂ ಮುಖ್ಯ ಚಿತ್ರಕ್ಕೆ ಮೊದಲು ತೋರಿಸುವುದು ಚಿತ್ರಮಂದಿರಗಳಿಗೆ ಕಡ್ಡಾಯವಾಗಿತ್ತು. ಈ ಚಿತ್ರಗಳಲ್ಲಿ ರೈತ ಉಳುತ್ತಾನೆ, ಕಾರ್ಮಿಕ ದುಡಿಯುತ್ತಾನೆ, ಹೆಂಗಸು ನೀರು ಹೊರುತ್ತಾಳೆ. ಆದರೆ ಮಾತನಾಡುವುದು ಮಾತ್ರ ತೆರೆಯ ಹಿಂದಿನ ಗಂಭೀರ ಪುರುಷ ಧ್ವನಿ. ಅದೇ ದೃಶ್ಯಕ್ಕೆ ಕನ್ನಡದಲ್ಲಿ, ಮರಾಠಿಯಲ್ಲಿ, ತೆಲುಗಿನಲ್ಲಿ ಬೇರೆ ಬೇರೆ ವ್ಯಾಖ್ಯಾನಗಳು ಸಿದ್ಧವಾಗುತ್ತಿದ್ದವು. ಭಾಷೆ ಬದಲಾಗುತ್ತಿತ್ತು, ಮಾತಿನ ಒಡೆತನ ಬದಲಾಗುತ್ತಿರಲಿಲ್ಲ. 1967ರಲ್ಲಿ ಎಸ್.ಎನ್.ಎಸ್. ಶಾಸ್ತ್ರಿಯವರ ‘ಐ ಆಮ್ 20’, ಕೆ.ಎಸ್. ಚಾರಿ ಮತ್ತು ಟಿ.ಎ. ಅಬ್ರಹಾಂ ಅವರ ‘ಫೇಸ್ ಟು ಫೇಸ್’ ಚಿತ್ರಗಳು ಸಾಮಾನ್ಯರ ಮಾತನ್ನು ಅವರದೇ ಧ್ವನಿಯಲ್ಲಿ ಕೇಳಿಸಿ ಈ ಸಂಪ್ರದಾಯದೊಳಗೇ ಒಂದು ಬಿರುಕನ್ನು ಮೂಡಿಸಿದವು.

ಈ ಬಿರುಕಿಗೆ ಜಾಗತಿಕ ಹಿನ್ನೆಲೆಯೂ ಇದೆ. 1950ರ ದಶಕದ ಕೊನೆಗೆ ಹೆಗಲ ಮೇಲೆ ಹೊರಬಹುದಾದ 16 ಎಂ.ಎಂ. ಕ್ಯಾಮೆರಾಗಳೂ ಚಿತ್ರದ ಜೊತೆಗೇ ಧ್ವನಿಯನ್ನು ದಾಖಲಿಸುವ ಹಗುರ ಯಂತ್ರಗಳೂ ಬಳಕೆಗೆ ಬಂದವು. ಅಮೆರಿಕದಲ್ಲಿ ರಾಬರ್ಟ್ ಡ್ರೂ ಮತ್ತು ಸಂಗಡಿಗರು 1960ರ ‘ಪ್ರೈಮರಿ’ ಚಿತ್ರದಲ್ಲಿ ಚುನಾವಣಾ ಅಭ್ಯರ್ಥಿಗಳ ಬೆನ್ನಿಗೇ ನಡೆದರು. ಫ್ರೆಡರಿಕ್ ವೈಸ್‌ಮನ್ ಸಂದರ್ಶನ, ವ್ಯಾಖ್ಯಾನ, ಹಿನ್ನೆಲೆ ಸಂಗೀತ ಮೂರನ್ನೂ ಬಿಟ್ಟು ಆಸ್ಪತ್ರೆ, ಶಾಲೆ, ಕಲ್ಯಾಣ ಕಚೇರಿಗಳಂತಹ ಸಂಸ್ಥೆಗಳನ್ನು ಒಳಗಿನಿಂದ ಚಿತ್ರಿಸಿದರು. ಇದೇ ಕಾಲದಲ್ಲಿ ಫ್ರಾನ್ಸಿನ ಜಾನ್ ರೂಶ್ ಮತ್ತು ಎದ್ಗಾರ್ ಮೊರಾನ್ ಇದಕ್ಕೆ ಭಿನ್ನವಾದ ದಾರಿ ಹಿಡಿದರು. 1961ರ ತಮ್ಮ ಚಿತ್ರದಲ್ಲಿ ಅವರು ಜನರನ್ನು ಪ್ರಶ್ನಿಸಿದರು, ಚಿತ್ರಿತ ಭಾಗಗಳನ್ನು ಅವರಿಗೇ ತೋರಿಸಿ ಅವರ ಪ್ರತಿಕ್ರಿಯೆಯನ್ನೂ ಚಿತ್ರದೊಳಗೆ ಸೇರಿಸಿದರು. 1975ರಲ್ಲಿ ಕಾಲಿನ್ ಯಂಗ್ ‘ವೀಕ್ಷಣಾತ್ಮಕ ಸಿನಿಮಾ’ ಎಂಬ ಹೆಸರನ್ನು ನೆಲೆಗೊಳಿಸಿದ ಲೇಖನ ಪ್ರಕಟವಾದ ಗ್ರಂಥದಲ್ಲಿಯೇ ಡೇವಿಡ್ ಮ್ಯಾಕ್‌ಡೂಗಲ್ ಆ ವಿಧಾನದ ಆಚೆಗೆ ಹೋಗಬೇಕೆಂಬ ವಾದವನ್ನೂ ಮಂಡಿಸಿದರು. ಹೆಸರು ಹುಟ್ಟಿದ ಕ್ಷಣದಲ್ಲಿಯೇ ಅದರ ವಿಮರ್ಶೆಯೂ ಹುಟ್ಟಿತೆಂಬುದು ಗಮನಾರ್ಹ.

ವಿಮರ್ಶೆಯ ತಿರುಳು ಇಷ್ಟು: ಕ್ಯಾಮೆರಾ ಹಿಡಿದವರು ತಾವು ಅಲ್ಲಿ ಇಲ್ಲವೆಂಬಂತೆ ನಡೆದುಕೊಂಡರೂ ಅವರು ಅಲ್ಲಿ ಇದ್ದೇ ಇರುತ್ತಾರೆ. ಯಾರನ್ನು ನೋಡಬೇಕು, ಎಷ್ಟು ಹೊತ್ತು ನೋಡಬೇಕು, ಯಾವುದನ್ನು ಕತ್ತರಿಸಬೇಕು ಎಂಬ ತೀರ್ಮಾನಗಳೆಲ್ಲ ಅವರವೇ. ವೈಸ್‌ಮನ್ನರ 1967ರ ‘ಟಿಟಿಕಟ್ ಫಾಲೀಸ್’ ಮಾನಸಿಕ ಅಸ್ವಸ್ಥ ಬಂದಿಗಳ ಆಸ್ಪತ್ರೆಯ ಕ್ರೌರ್ಯವನ್ನು ಬಯಲಿಗೆಳೆಯಿತು. ಆದರೆ ಆ ಬಂದಿಗಳ ಒಪ್ಪಿಗೆ ಮತ್ತು ಖಾಸಗಿತನದ ಪ್ರಶ್ನೆಯ ಮೇಲೆ ಅದರ ಸಾರ್ವಜನಿಕ ಪ್ರದರ್ಶನಕ್ಕೆ ನ್ಯಾಯಾಲಯ ನಿರ್ಬಂಧ ಹಾಕಿತು. ಅದು ತೆರವಾದದ್ದು 1991ರಲ್ಲಿ. ಸಂಸ್ಥೆಯ ಅಧಿಕಾರವನ್ನು ನೋಡುವುದಕ್ಕೂ ಆ ಅಧಿಕಾರದ ಅಡಿಯಲ್ಲಿ ನರಳುವವರನ್ನು ನೋಡುವುದಕ್ಕೂ ಒಂದೇ ನೀತಿ ಸಾಲದು ಎಂಬುದನ್ನು ಈ ಪ್ರಕರಣ ಸ್ಪಷ್ಟಪಡಿಸುತ್ತದೆ. ದೀಪಾ ಧನರಾಜ್ ಅವರ ಚಿತ್ರಜೀವನದ ಕೇಂದ್ರ ಪ್ರಶ್ನೆಯೂ ಇದೇ ಆಗಿದೆ.

3. ಯುಗಾಂತರ: ನಿಪ್ಪಾಣಿಯ ವಖಾರಿಗಳಲ್ಲಿ

1980ರಲ್ಲಿ ಬೆಂಗಳೂರಿನಲ್ಲಿ ದೀಪಾ ಧನರಾಜ್, ಆಭಾ ಭೈಯಾ, ಮೀರಾ ರಾವ್ ಹಾಗೂ ಛಾಯಾಗ್ರಾಹಕ ನವರೋಜ್ ಕಂಟ್ರಾಕ್ಟರ್ ಸೇರಿ ‘ಯುಗಾಂತರ’ ಎಂಬ ಚಲನಚಿತ್ರ ಬಳಗವನ್ನು ಕಟ್ಟಿದರು. ತುರ್ತುಪರಿಸ್ಥಿತಿಯ ನಂತರ ದೇಶದಾದ್ಯಂತ ಕಾಣಿಸಿಕೊಂಡ ಸ್ವಾಯತ್ತ ಮಹಿಳಾ ಸಂಘಟನೆಗಳ ಎಚ್ಚರ ಈ ಬಳಗದ ಹಿನ್ನೆಲೆಯಲ್ಲಿತ್ತು. ನವರೋಜ್ ಕಂಟ್ರಾಕ್ಟರ್ ಅದಾಗಲೇ ಮಣಿ ಕೌಲ್ ಅವರ ‘ದುವಿಧಾ’ (1973) ಚಿತ್ರದ ಛಾಯಾಗ್ರಹಣಕ್ಕೆ ಹೆಸರಾಗಿದ್ದರು. 2023ರಲ್ಲಿ ಹೊಸೂರಿನ ಬಳಿ ನಡೆದ ರಸ್ತೆ ಅಪಘಾತದಲ್ಲಿ ಅವರು ತೀರಿಕೊಂಡರು. ಯುಗಾಂತರದ ಮೊದಲ ಚಿತ್ರ ‘ಮೋಲ್ಕರೀಣ್’ (1981) ಪುಣೆಯ ಮನೆಗೆಲಸದ ಹೆಂಗಸರ ಸಂಘಟನೆಯನ್ನು ಕುರಿತದ್ದು. ಎರಡನೆಯದಾದ ‘ತಂಬಾಕು ಚಾಕಿಲಾ ಊಬ್ ಆಲಿ’ (1982) ಬೆಳಗಾವಿ ಜಿಲ್ಲೆಯ ನಿಪ್ಪಾಣಿಯ ತಂಬಾಕು ಕಾರ್ಮಿಕ ಹೆಂಗಸರ ಚಿತ್ರ.

ನಿಪ್ಪಾಣಿ ತಂಬಾಕಿನ ಪೇಟೆ. 1981ರಲ್ಲಿ ಅಲ್ಲಿ ನಡೆದ ತಂಬಾಕು ಬೆಳೆಗಾರರ ಚಳವಳಿ ಹಾಗೂ ಪೊಲೀಸ್ ಗೋಲಿಬಾರು ರಾಜ್ಯದ ಗಮನ ಸೆಳೆದವು. ಬೆಳೆಗಾರರ ಹೋರಾಟ ಸುದ್ದಿಯಾದಷ್ಟು ವಖಾರಿಗಳ ಒಳಗೆ ತಂಬಾಕು ಬಡಿದು, ಜರಡಿ ಹಿಡಿದು, ದೂಳು ಕುಡಿಯುತ್ತಿದ್ದ ಹೆಂಗಸರ ಹೋರಾಟ ಸುದ್ದಿಯಾಗಲಿಲ್ಲ. ಯುಗಾಂತರ ಬಳಗವು ಚಿತ್ರೀಕರಣಕ್ಕೆ ಮೊದಲು ತಿಂಗಳುಗಟ್ಟಲೆ ಈ ಹೆಂಗಸರೊಡನೆ ಕಳೆಯಿತು. ಕೂಲಿ, ಕೆಲಸದ ಅವಧಿ, ಮೇಲ್ವಿಚಾರಕರ ವರ್ತನೆ, ಸಂಘ ಕಟ್ಟಿದ ಬಗೆ ಇವನ್ನು ಕುರಿತು ನಡೆದ ಮಾತುಕತೆಗಳೇ ಚಿತ್ರದ ಹಂದರವಾದವು.

ವಿಧಾನದ ದೃಷ್ಟಿಯಿಂದ ಈ ಚಿತ್ರದಲ್ಲಿ ಎರಡು ಬಗೆಯ ದೃಶ್ಯಗಳಿವೆ. ಕಾರ್ಖಾನೆಯೊಳಗಿನ ದುಡಿಮೆಯ ದೃಶ್ಯಗಳು ವೀಕ್ಷಣೆಯ ದೃಶ್ಯಗಳು. ಅಲ್ಲಿ ಕ್ಯಾಮೆರಾ ಕೈಗಳ ಚಲನೆಯನ್ನು, ದೂಳನ್ನು, ಸಾಲಾಗಿ ಕೂತ ಮೈಗಳನ್ನು ನೋಡುತ್ತದೆ. ಮುಷ್ಕರವನ್ನು ನಿರ್ಧರಿಸಿದ ಸಭೆಗಳಂತಹ ದೃಶ್ಯಗಳು ಮರುಸೃಷ್ಟಿಗಳು. ಹೋರಾಟದಲ್ಲಿ ಪಾಲ್ಗೊಂಡ ಹೆಂಗಸರೇ ತಮ್ಮ ಅನುಭವವನ್ನು ಕ್ಯಾಮೆರಾದ ಮುಂದೆ ಮತ್ತೆ ನಡೆಸಿ ತೋರಿಸಿದರು. ಶುದ್ಧ ವೀಕ್ಷಣಾವಾದಿಗೆ ಇದು ನಿಷಿದ್ಧ. ಆದರೆ ಇದರ ಹಿಂದಿರುವ ತರ್ಕ ಬಲವಾದದ್ದು. ವೀಕ್ಷಣೆಗೆ ವರ್ತಮಾನ ಕಾಲವೊಂದೇ ಗೊತ್ತು. ನಡೆದುಹೋದದ್ದನ್ನು ಅದು ನೋಡಲಾರದು. ಅಲ್ಲದೆ ಹೆಂಗಸರನ್ನು ಹೀನಾಯವಾಗಿ ಕಾಣುವ ಮೇಲ್ವಿಚಾರಕ ಕ್ಯಾಮೆರಾದ ಎದುರಿನಲ್ಲಿ ಹಾಗೆ ನಡೆದುಕೊಳ್ಳುವುದಿಲ್ಲ. ಕೇವಲ ಕಣ್ಣಿಗೆ ಕಂಡದ್ದನ್ನು ನಂಬಿದರೆ ದಬ್ಬಾಳಿಕೆಯೇ ಇಲ್ಲವೆಂಬ ತೀರ್ಮಾನಕ್ಕೆ ಬರಬೇಕಾಗುತ್ತದೆ. ಕಾಣದಂತೆ ಮರೆಸಿಟ್ಟ ಸತ್ಯವನ್ನು ಕಾಣಿಸಲು ಅದನ್ನು ಅನುಭವಿಸಿದವರೇ ನಿರೂಪಕರಾಗಬೇಕಾಗುತ್ತದೆ.

ಯುಗಾಂತರದ ಉಳಿದೆರಡು ಚಿತ್ರಗಳು ಇದೇ ಚಿಂತನೆಯನ್ನು ಬೇರೆ ಬೇರೆ ದಿಕ್ಕಿಗೆ ಒಯ್ದವು. ಹೈದರಾಬಾದಿನ ಸ್ತ್ರೀಶಕ್ತಿ ಸಂಘಟನೆಯೊಡನೆ ಕೂಡಿ ಮಾಡಿದ ‘ಇದಿ ಕಥಾ ಮಾತ್ರಮೇನಾ?’ (1983) ಮನೆಯೊಳಗಿನ ಹಿಂಸೆಯನ್ನು ಕುರಿತ ಕಥನಚಿತ್ರ. ಬಾಗಿಲು ಮುಚ್ಚಿದ ಮನೆಯೊಳಗೆ ವೀಕ್ಷಣೆಯ ಕ್ಯಾಮೆರಾಗೆ ಪ್ರವೇಶವಿಲ್ಲವಾದ್ದರಿಂದ ಇಲ್ಲಿ ಕಥೆಯೇ ಸಾಕ್ಷ್ಯದ ಕೆಲಸವನ್ನು ಮಾಡಿತು. ‘ಸುದೇಶಾ’ (1983) ಚಿಪ್ಕೋ ಚಳವಳಿಯಲ್ಲಿ ತೊಡಗಿದ ಹಳ್ಳಿಯ ಹೆಣ್ಣುಮಗಳೊಬ್ಬಳ ದಿನಚರಿಯನ್ನು ಹಿಂಬಾಲಿಸಿತು.

4. ಹೈದರಾಬಾದಿನ ಬೀದಿ, ಬೀದರದ ನೆನಪು

1984ರ ಆಗಸ್ಟಿನಲ್ಲಿ ಎನ್.ಟಿ. ರಾಮರಾವ್ ಸರಕಾರವನ್ನು ವಜಾ ಮಾಡಲಾಯಿತು. ಸೆಪ್ಟೆಂಬರಿನಲ್ಲಿ ಅವರು ಮತ್ತೆ ಅಧಿಕಾರಕ್ಕೆ ಬಂದರು. ಈ ರಾಜಕೀಯ ಅನಿಶ್ಚಿತತೆಯ ದಿನಗಳಲ್ಲಿಯೇ ಗಣೇಶ ಉತ್ಸವದ ಸಂದರ್ಭದಲ್ಲಿ ಹೈದರಾಬಾದಿನ ಹಳೆಯ ನಗರದಲ್ಲಿ ಕೋಮುಗಲಭೆ ಭುಗಿಲೆದ್ದಿತು. ದೀಪಾ ಧನರಾಜ್ ಅವರ ‘ಕ್ಯಾ ಹುವಾ ಇಸ್ ಶಹರ್ ಕೋ?’ (1986) ಈ ಗಲಭೆಯನ್ನು ಕುರಿತ ಚಿತ್ರ. ಕೋಮು ಸೌಹಾರ್ದಕ್ಕಾಗಿ ದುಡಿಯುತ್ತಿದ್ದ ‘ಹೈದರಾಬಾದ್ ಏಕ್ತಾ’ ಸಂಘಟನೆಯ ಒಡನಾಟದಲ್ಲಿ ಅದು ರೂಪುಗೊಂಡಿತು.

ಯುಗಾಂತರದ ಚಿತ್ರಗಳಿಗೂ ಈ ಚಿತ್ರಕ್ಕೂ ಇರುವ ಮುಖ್ಯ ವ್ಯತ್ಯಾಸವೆಂದರೆ ಇಲ್ಲಿ ಕ್ಯಾಮೆರಾ ಬಹುಪಾಲು ಬೀದಿಯಲ್ಲಿ, ಅಧಿಕಾರದ ಎದುರಿನಲ್ಲಿ ನಿಂತಿದೆ. ಮೆರವಣಿಗೆಗಳು, ಘೋಷಣೆಗಳು, ಎರಡೂ ಕಡೆಯ ರಾಜಕೀಯ ನಾಯಕರ ಭಾಷಣಗಳು, ಪೊಲೀಸ್ ಪಡೆಗಳು ಇವನ್ನು ಅದು ಕಣ್ಣು ಮಿಟುಕಿಸದೆ ನೋಡುತ್ತದೆ. ಹಬ್ಬದ ಮೆರವಣಿಗೆ ಹೇಗೆ ಬಲಪ್ರದರ್ಶನವಾಗಿ ಮಾರ್ಪಡುತ್ತದೆ ಎಂಬುದನ್ನು ವ್ಯಾಖ್ಯಾನಕ್ಕಿಂತ ಹೆಚ್ಚಾಗಿ ದೃಶ್ಯವೇ ಸ್ಥಾಪಿಸುತ್ತದೆ. ಆದರೆ ಕರ್ಫ್ಯೂವಿನಲ್ಲಿ ದಿನಗೂಲಿ ಕಳೆದುಕೊಂಡು ಹಸಿದವರ, ಮನೆಯವರನ್ನು ಕಳೆದುಕೊಂಡವರ ಬಳಿಗೆ ಹೋದಾಗ ಚಿತ್ರದ ನಡೆ ಬದಲಾಗುತ್ತದೆ. ಅಲ್ಲಿ ಕ್ಯಾಮೆರಾ ಕುಳಿತುಕೊಳ್ಳುತ್ತದೆ, ಪ್ರಶ್ನೆ ಕೇಳುತ್ತದೆ, ಉತ್ತರ ಮುಗಿಯುವವರೆಗೆ ಕಾಯುತ್ತದೆ. ಅಧಿಕಾರವನ್ನು ನೋಡುವುದು, ಅಧಿಕಾರವಿಲ್ಲದವರ ಜೊತೆಗಿರುವುದು ಎಂಬ ಎರಡು ನಡೆಗಳು ಒಂದೇ ಚಿತ್ರದಲ್ಲಿ ಹೀಗೆ ಸ್ಪಷ್ಟವಾಗಿ ಬೇರ್ಪಟ್ಟಿವೆ. ಗಲಭೆಯನ್ನು ಇದ್ದಕ್ಕಿದ್ದಂತೆ ಹೊತ್ತಿಕೊಂಡ ಬೆಂಕಿಯೆಂದು ಭಾವಿಸದೆ ನಗರದ ಆರ್ಥಿಕ, ರಾಜಕೀಯ ಇತಿಹಾಸದಲ್ಲಿಟ್ಟು ನೋಡಿದ್ದು ಚಿತ್ರದ ಮತ್ತೊಂದು ಹೆಚ್ಚುಗಾರಿಕೆ. ಇಲ್ಲಿ ನಿರೂಪಣೆಯ ಅಗತ್ಯವನ್ನು ಚಿತ್ರಕರ್ತರು ನಿರಾಕರಿಸಿಲ್ಲ.

ಬೀದರದ ಓದುಗರಿಗೆ ಈ ಚಿತ್ರ ಮತ್ತೊಂದು ಕಾರಣಕ್ಕಾಗಿ ಮುಖ್ಯವಾಗುತ್ತದೆ. ಗುರುದ್ವಾರ ನಾನಕ್ ಝೀರಾ ಸಾಹಿಬ್, ಸೂಫಿ ದರ್ಗಾಗಳು, ಶರಣರ ಮಠಗಳು ಒಟ್ಟಿಗಿರುವ ಬೀದರ ನಗರವನ್ನು ಸಾಮರಸ್ಯದ ನೆಲೆಯೆಂದು ಬಣ್ಣಿಸುವುದು ರೂಢಿ. ಈ ವರ್ಣನೆ ಸುಳ್ಳಲ್ಲ. ಆದರೆ ಇದೇ ನಗರದಲ್ಲಿ 1988ರ ಸೆಪ್ಟೆಂಬರಿನಲ್ಲಿ ಸಿಖ್ ವಿದ್ಯಾರ್ಥಿಗಳ ಮೇಲೆ ನಡೆದ ಹಿಂಸಾಚಾರದಲ್ಲಿ ಹಲವರು ಪ್ರಾಣ ಕಳೆದುಕೊಂಡರೆಂಬುದೂ ಅಷ್ಟೇ ಸತ್ಯ. ಸಾಮರಸ್ಯದ ಕಥನ ಈ ಘಟನೆಗೆ ಒಂದು ಸಾಲನ್ನೂ ಕೊಡದೆ ಮುಂದೆ ಸಾಗುತ್ತದೆ. ಈ ಊರಿಗೆ ಏನಾಯಿತು ಎಂಬ ಪ್ರಶ್ನೆಯನ್ನು ಹೈದರಾಬಾದಿಗೆ ಒಂದು ಚಿತ್ರ ಕೇಳಿತು. ಆ ಪ್ರಶ್ನೆಯನ್ನು ತನಗೆ ತಾನೇ ಕೇಳಿಕೊಳ್ಳುವ ಊರಿನ ಸಾಮರಸ್ಯವೇ ಗಟ್ಟಿಯಾದದ್ದೆಂಬುದನ್ನು ಆ ಚಿತ್ರ ಸೂಚಿಸುತ್ತದೆ.

5. ಶಿಬಿರದೊಳಗೆ

ದೀಪಾ ಧನರಾಜ್ ಅವರಿಗೆ ಅಂತರರಾಷ್ಟ್ರೀಯ ಮನ್ನಣೆ ತಂದ ‘ಸಮ್‌ಥಿಂಗ್ ಲೈಕ್ ಎ ವಾರ್’ (1991) ಭಾರತದ ಕುಟುಂಬ ಯೋಜನೆಯನ್ನು ಕುರಿತದ್ದು. 1952ರಲ್ಲಿ ಆರಂಭವಾದ ಈ ಕಾರ್ಯಕ್ರಮ ತುರ್ತುಪರಿಸ್ಥಿತಿಯ ಕಾಲದಲ್ಲಿ ಬಲವಂತದ ರೂಪ ತಾಳಿತು. 1976-77ರ ಒಂದೇ ವರ್ಷದಲ್ಲಿ 80 ಲಕ್ಷಕ್ಕೂ ಹೆಚ್ಚು ಶಸ್ತ್ರಚಿಕಿತ್ಸೆಗಳು ನಡೆದವು. ಅವುಗಳಲ್ಲಿ ಹೆಚ್ಚಿನವು ಗಂಡಸರ ಮೇಲೆ ನಡೆದಂಥವು. ಇದರ ರಾಜಕೀಯ ಪರಿಣಾಮದ ನಂತರ ಕಾರ್ಯಕ್ರಮದ ಗುರಿ ಹೆಂಗಸರ ಕಡೆಗೆ ತಿರುಗಿತು.

ಚಿತ್ರದ ಅತ್ಯಂತ ಪ್ರಬಲ ಭಾಗ ಸಂತಾನಹರಣ ಶಿಬಿರದ ದೃಶ್ಯಗಳು. ಹೆಂಗಸರನ್ನು ಸಾಲಾಗಿ ಮೇಜುಗಳ ಮೇಲೆ ಮಲಗಿಸಲಾಗುತ್ತದೆ. ವೈದ್ಯರೊಬ್ಬರು ಒಂದು ಮೇಜಿನಿಂದ ಮತ್ತೊಂದಕ್ಕೆ ಅತಿ ವೇಗವಾಗಿ ಸಾಗುತ್ತ ತಮ್ಮ ವೇಗವನ್ನೂ ತಾವು ಮಾಡಿದ ಶಸ್ತ್ರಚಿಕಿತ್ಸೆಗಳ ಸಂಖ್ಯೆಯನ್ನೂ ಹೆಮ್ಮೆಯಿಂದ ವಿವರಿಸುತ್ತಾರೆ. ಇಲ್ಲಿ ಚಿತ್ರಕರ್ತರು ಖಂಡನೆಯ ಮಾತಾಡಬೇಕಾದ ಅಗತ್ಯವೇ ಬೀಳುವುದಿಲ್ಲ. ಅಧಿಕಾರವು ತನ್ನ ಬಗ್ಗೆ ತಾನೇ ಸಾಕ್ಷ್ಯ ನುಡಿಯುತ್ತದೆ. ವೀಕ್ಷಣಾತ್ಮಕ ವಿಧಾನದ ನಿಜವಾದ ಶಕ್ತಿ ಇಂತಹ ಕಡೆ ಇದೆ. ತಾನು ಮಾಡುತ್ತಿರುವುದು ಸರಿಯೆಂದು ನಂಬಿದ ಸಂಸ್ಥೆ ಕ್ಯಾಮೆರಾಗೆ ಅಂಜುವುದಿಲ್ಲ. ನಿಪ್ಪಾಣಿಯ ಮೇಲ್ವಿಚಾರಕನಿಗೆ ತನ್ನ ತಪ್ಪು ಗೊತ್ತಿತ್ತು, ಆದ್ದರಿಂದ ಅವನನ್ನು ವೀಕ್ಷಣೆಯಿಂದ ಹಿಡಿಯಲಾಗುತ್ತಿರಲಿಲ್ಲ. ಶಿಬಿರದ ವೈದ್ಯರಿಗೆ ಅದು ತಪ್ಪೆಂದೇ ಅನ್ನಿಸಿರಲಿಲ್ಲ, ಆದ್ದರಿಂದ ವೀಕ್ಷಣೆಯೇ ಸಾಕಾಯಿತು. ಒಂದು ಸಾಕ್ಷ್ಯಚಿತ್ರ ಯಾವ ವಿಧಾನವನ್ನು ಆರಿಸಿಕೊಳ್ಳಬೇಕೆಂಬುದು ಚಿತ್ರಕರ್ತರ ಅಭಿರುಚಿಯ ಪ್ರಶ್ನೆಯಾಗಿರದೆ ಎದುರಿಗಿರುವ ಅಧಿಕಾರದ ಸ್ವರೂಪದ ಪ್ರಶ್ನೆಯಾಗಿದೆ ಎಂಬುದು ಈ ಎರಡು ಚಿತ್ರಗಳನ್ನು ಒಟ್ಟಿಗೆ ನೋಡಿದಾಗ ಹೊಳೆಯುವ ಸಂಗತಿ.

ಶಿಬಿರದ ದೃಶ್ಯಗಳಿಗೆ ಪ್ರತಿಯಾಗಿ ಚಿತ್ರದಲ್ಲಿ ಇನ್ನೊಂದು ಎಳೆ ಸಾಗುತ್ತದೆ. ಹೆಂಗಸರ ಒಂದು ಗುಂಪು ವೃತ್ತಾಕಾರವಾಗಿ ಕುಳಿತು ತಮ್ಮ ದೇಹ, ಮುಟ್ಟು, ಬಸಿರು, ಕಾಮ, ದಾಂಪತ್ಯಗಳನ್ನು ಕುರಿತು ಮಾತಾಡುತ್ತದೆ. ದೇಹದ ಚಿತ್ರ ಬರೆದು ಅದರ ಮೇಲೆ ತಮ್ಮ ಅರಿವನ್ನು ಗುರುತಿಸುತ್ತದೆ. ಶಿಬಿರದಲ್ಲಿ ಬರಿಯ ದೇಹವಾದವರು ಇಲ್ಲಿ ತಿಳಿವಳಿಕೆಯ ಒಡತಿಯರಾಗುತ್ತಾರೆ. 1996ರಲ್ಲಿ ಕೇಂದ್ರ ಸರಕಾರ ಸಂಖ್ಯಾಗುರಿಗಳನ್ನು ಅಧಿಕೃತವಾಗಿ ಕೈಬಿಟ್ಟಿತು. ಆದರೂ 2014ರ ನವೆಂಬರಿನಲ್ಲಿ ಛತ್ತೀಸಗಡದ ಬಿಲಾಸಪುರ ಜಿಲ್ಲೆಯ ಶಿಬಿರದಲ್ಲಿ ಒಬ್ಬ ವೈದ್ಯರು ಕೆಲವೇ ಗಂಟೆಗಳಲ್ಲಿ 83 ಹೆಂಗಸರಿಗೆ ಶಸ್ತ್ರಚಿಕಿತ್ಸೆ ಮಾಡಿದ ಬಳಿಕ 13 ಹೆಂಗಸರು ಸತ್ತರು. 2016ರಲ್ಲಿ ಸುಪ್ರೀಂ ಕೋರ್ಟ್ ಇಂತಹ ಶಿಬಿರಗಳನ್ನು ಮೂರು ವರ್ಷಗಳಲ್ಲಿ ನಿಲ್ಲಿಸಬೇಕೆಂದು ನಿರ್ದೇಶಿಸಿತು. ಕ್ಯಾಮೆರಾ 1991ರಲ್ಲಿಯೇ ಕಂಡದ್ದನ್ನು ವ್ಯವಸ್ಥೆ ಒಪ್ಪಿಕೊಳ್ಳಲು ಕಾಲು ಶತಮಾನ ಬೇಕಾಯಿತು.

6. ಕೇಳುವ ಕ್ಯಾಮೆರಾ

ನಂತರದ ಎರಡು ದಶಕಗಳಲ್ಲಿ ದೀಪಾ ಧನರಾಜ್ ಅವರ ಚಿತ್ರಗಳು ನ್ಯಾಯ ಕೇಳುವ, ನ್ಯಾಯ ಹೇಳುವ ತಾಣಗಳ ಕಡೆಗೆ ತಿರುಗಿದವು. ‘ನಾರಿ ಅದಾಲತ್’ (2000) ಹೆಂಗಸರೇ ನಡೆಸುವ ನ್ಯಾಯಸಭೆಗಳನ್ನು ಕುರಿತದ್ದು. ‘ದಿ ಅಡ್ವೊಕೇಟ್’ (2007) ನಾಗರಿಕ ಹಕ್ಕುಗಳ ವಕೀಲ ಕೆ.ಜಿ. ಕಣ್ಣಬಿರಾನ್ ಅವರ ಜೀವನಚಿತ್ರ. ‘ಇನ್‌ವೋಕಿಂಗ್ ಜಸ್ಟಿಸ್’ (2011) ತಮಿಳುನಾಡಿನ ಮುಸ್ಲಿಂ ಹೆಂಗಸರು ಕಟ್ಟಿಕೊಂಡ ಮಹಿಳಾ ಜಮಾತನ್ನು ಕುರಿತದ್ದು. ‘ವಿ ಹ್ಯಾವ್ ನಾಟ್ ಕಮ್ ಹಿಯರ್ ಟು ಡೈ’ (2018) ಚಿತ್ರಕ್ಕೆ 2016ರ ಜನವರಿಯಲ್ಲಿ ಹೈದರಾಬಾದ್ ವಿಶ್ವವಿದ್ಯಾಲಯದ ಸಂಶೋಧನಾ ವಿದ್ಯಾರ್ಥಿ ರೋಹಿತ್ ವೇಮುಲ ಅವರ ಸಾವು ಹಾಗೂ ಅದರ ನಂತರ ಎದ್ದ ವಿದ್ಯಾರ್ಥಿ ಚಳವಳಿ ವಸ್ತು.

ಇವುಗಳಲ್ಲಿ ‘ಇನ್‌ವೋಕಿಂಗ್ ಜಸ್ಟಿಸ್’ ವೀಕ್ಷಣಾತ್ಮಕ ವಿಧಾನಕ್ಕೆ ಹೆಚ್ಚು ಹತ್ತಿರವಾಗಿದೆ. ಗಂಡಸರ ಜಮಾತಿನಲ್ಲಿ ಕುಟುಂಬ ವ್ಯಾಜ್ಯಗಳ ತೀರ್ಮಾನ ಆಗುವಾಗ ಹೆಂಗಸರಿಗೆ ಅಲ್ಲಿ ಸ್ಥಾನವಿರಲಿಲ್ಲ. ಅದಕ್ಕೆ ಪ್ರತಿಯಾಗಿ ಹೆಂಗಸರು ತಮ್ಮದೇ ಜಮಾತನ್ನು ಕಟ್ಟಿದರು. ಚಿತ್ರ ಈ ಸಭೆಗಳಲ್ಲಿ ಕುಳಿತು ವ್ಯಾಜ್ಯಗಳನ್ನು ಕೇಳುತ್ತದೆ; ಹೆಂಗಸರು ಪೊಲೀಸ್ ಠಾಣೆಗೆ ಹೋದಾಗ ಅವರ ಹಿಂದೆಯೇ ಹೋಗುತ್ತದೆ. ಇಲ್ಲಿ ನೋಡುವುದು ಮತ್ತು ಜೊತೆಗಿರುವುದು ಬೇರೆ ಬೇರೆಯಾಗಿ ಉಳಿದಿಲ್ಲ. ಹೆಂಗಸರು ತಾವೇ ಅಧಿಕಾರದ ಒಂದು ಪೀಠವನ್ನು ಸೃಷ್ಟಿಸಿಕೊಂಡಿರುವುದರಿಂದ ಅವರನ್ನು ದೂರದಿಂದ ನೋಡಿದರೂ ಅವರು ಕುಗ್ಗುವುದಿಲ್ಲ. ಮೂವತ್ತು ವರ್ಷಗಳ ಹಿಂದೆ ನಿಪ್ಪಾಣಿಯಲ್ಲಿ ಮರುಸೃಷ್ಟಿಯ ಮೂಲಕ ಕಾಣಿಸಬೇಕಾದ ಹೆಂಗಸರ ಸಭೆ ಇಲ್ಲಿ ಕ್ಯಾಮೆರಾದ ಎದುರಿನಲ್ಲಿಯೇ ನಡೆಯುತ್ತದೆ.

7. ಬೀದರ, ಭಾಲ್ಕಿ, ಔರಾದ: ವೀಕ್ಷಣೆಯ ಸವಾಲುಗಳು

ಮೇಲಿನ ವಿವೇಚನೆಯಿಂದ ದೊರೆತ ತಿಳಿವಳಿಕೆಯನ್ನು ಬೀದರ ಜಿಲ್ಲೆಯ ಮೂರು ಸಂದರ್ಭಗಳಿಗೆ ಅನ್ವಯಿಸಿ ನೋಡಬಹುದು.

ಮೊದಲನೆಯದು ಬೀದರ ನಗರದ ಬಿದ್ರಿ ಕಲೆ. ಸತುವು ಮತ್ತು ತಾಮ್ರದ ಮಿಶ್ರಲೋಹವನ್ನು ಮಣ್ಣಿನ ಅಚ್ಚಿನಲ್ಲಿ ಎರಕ ಹೊಯ್ದು, ಅರದಿಂದ ಉಜ್ಜಿ, ಉಳಿಯಿಂದ ಚಿತ್ತಾರ ಕೊರೆದು, ಆ ಗೆರೆಗಳಲ್ಲಿ ಬೆಳ್ಳಿಯ ತಂತಿಯನ್ನೋ ತಗಡನ್ನೋ ಕೂರಿಸಿ, ಕೊನೆಗೆ ಕೋಟೆಯ ಹಳೆಯ ಮಣ್ಣು ಮತ್ತು ನವಸಾಗರದ ದ್ರಾವಣದಲ್ಲಿ ಪಾತ್ರೆಯನ್ನು ಅದ್ದಿದಾಗ ಲೋಹ ಕಪ್ಪಾಗಿ ಬೆಳ್ಳಿ ಮಾತ್ರ ಹೊಳೆಯುತ್ತದೆ. ಕಣ್ಣಿಗೆ ಅತ್ಯಂತ ಆಕರ್ಷಕವಾದ ಈ ಕ್ರಿಯೆಯನ್ನು ನೋಡುವುದರಲ್ಲಿ ಒಂದು ಅಪಾಯವಿದೆ. ಕ್ಯಾಮೆರಾ ಕೈಗಳಲ್ಲಿಯೇ ನಿಂತುಬಿಡುತ್ತದೆ. ಬೆಳ್ಳಿಯ ಬೆಲೆ ಏರಿದಾಗ ಕುಶಲಕರ್ಮಿಯ ಕೂಲಿ ಏನಾಯಿತು, ಮಾರಾಟದ ಲಾಭ ಯಾರಿಗೆ ಹೋಯಿತು, ಮಗ ಈ ಕಸುಬನ್ನು ಕಲಿತನೇ ಎಂಬ ಪ್ರಶ್ನೆಗಳು ಚೌಕಟ್ಟಿನ ಹೊರಗುಳಿಯುತ್ತವೆ. ನಿಪ್ಪಾಣಿಯ ಚಿತ್ರ ಕೈಗಳನ್ನು ನೋಡಿದ ಮೇಲೆ ಆ ಕೈಗಳ ಒಡತಿಯರ ಸಭೆಗೆ ಹೋಯಿತು. ಬಿದ್ರಿಯನ್ನು ಚಿತ್ರಿಸುವವರಿಗೂ ಈ ಎರಡನೆಯ ಹೆಜ್ಜೆ ಅನಿವಾರ್ಯ.

ಎರಡನೆಯದು ಭಾಲ್ಕಿಯ ಸಂದರ್ಭ. ನಿಜಾಮರ ಆಳ್ವಿಕೆಯಲ್ಲಿ ಕನ್ನಡ ಶಾಲೆಗಳನ್ನು ನಡೆಸುವುದು ಕಷ್ಟವಾಗಿದ್ದಾಗ ಭಾಲ್ಕಿ ಹಿರೇಮಠದ ಡಾ. ಚನ್ನಬಸವ ಪಟ್ಟದ್ದೇವರು ಹೊರಗೆ ಉರ್ದು ಫಲಕವನ್ನು ತೂಗುಹಾಕಿ ಒಳಗೆ ಕನ್ನಡ ಕಲಿಸಿದರೆಂಬುದು ಈ ಭಾಗದಲ್ಲಿ ಮನೆಮಾತಾಗಿದೆ. ಈ ಪ್ರಸಂಗವನ್ನು ಕನ್ನಡ ಕಟ್ಟಿದ ಕತೆಯಾಗಿ ಸಾಮಾನ್ಯವಾಗಿ ಉಲ್ಲೇಖಿಸಲಾಗುತ್ತದೆ. ದೃಶ್ಯದಾಖಲೆಯ ದೃಷ್ಟಿಯಿಂದ ಅದು ಮತ್ತೊಂದು ಪಾಠವನ್ನೂ ಹೇಳುತ್ತದೆ. ಆ ಕಾಲದಲ್ಲಿ ಬೀದಿಯಲ್ಲಿ ಕ್ಯಾಮೆರಾ ಇಟ್ಟು ಪ್ರಾಮಾಣಿಕವಾಗಿ ನೋಡಿದವರಿಗೆ ಕಾಣುತ್ತಿದ್ದದ್ದು ಉರ್ದು ಶಾಲೆ ಮಾತ್ರ. ಅಧಿಕಾರದ ಕಣ್ಣಿಗೆ ಬೀಳದಂತೆ ಬದುಕುವುದನ್ನು ಕಲಿತ ಸಮುದಾಯದ ಸತ್ಯ ಹೊರಗಿನ ವೀಕ್ಷಣೆಗೆ ದಕ್ಕುವುದಿಲ್ಲ. ಒಳಗೆ ಬರಲು ಆಮಂತ್ರಣ ಬೇಕು, ಆಮಂತ್ರಣಕ್ಕೆ ನಂಬಿಕೆ ಬೇಕು, ನಂಬಿಕೆಗೆ ಕಾಲ ಬೇಕು. ಭಾಲ್ಕಿ ತಾಲ್ಲೂಕಿನಲ್ಲಿ ಕಾರಂಜಾ ಜಲಾಶಯಕ್ಕಾಗಿ ಭೂಮಿ ಕಳೆದುಕೊಂಡು ಸೂಕ್ತ ಪರಿಹಾರಕ್ಕಾಗಿ ದೀರ್ಘಕಾಲ ಹೋರಾಡಿದ ರೈತರ ವಿಷಯದಲ್ಲಿಯೂ ಇದು ನಿಜ. ಇಂದಿನ ಜಲಾಶಯವನ್ನು ಎಷ್ಟು ಹೊತ್ತು ನೋಡಿದರೂ ಮುಳುಗಿದ ಹೊಲ ಕಾಣುವುದಿಲ್ಲ. ಅದನ್ನು ಉತ್ತವರು ಹೇಳಬೇಕು.

ಮೂರನೆಯದು ಔರಾದದ ಭಾಷಾ ಸಂದರ್ಭ. ಮಹಾರಾಷ್ಟ್ರ ಮತ್ತು ತೆಲಂಗಾಣಗಳೆರಡಕ್ಕೂ ಅಂಟಿಕೊಂಡ ಈ ತಾಲ್ಲೂಕಿನಲ್ಲಿ ಕನ್ನಡ, ಮರಾಠಿ, ತೆಲುಗು, ದಖನಿ ಉರ್ದು, ಲಂಬಾಣಿ ಭಾಷೆಗಳು ಒಂದೇ ಸಂತೆಯಲ್ಲಿ ಕೇಳಿಸುತ್ತವೆ. ಒಬ್ಬನೇ ವ್ಯಕ್ತಿ ಮನೆಯಲ್ಲಿ ಒಂದು, ಪೇಟೆಯಲ್ಲಿ ಒಂದು, ಕಚೇರಿಯಲ್ಲಿ ಮತ್ತೊಂದು ಭಾಷೆಯಾಡುತ್ತಾನೆ. ವ್ಯಾಖ್ಯಾನಪ್ರಧಾನ ಚಿತ್ರ ಈ ಬಹುಭಾಷಿಕತೆಯನ್ನು ಒಂದು ಶಿಷ್ಟ ಭಾಷೆಯಿಂದ ಮುಚ್ಚಿಹಾಕುತ್ತದೆ. ವೀಕ್ಷಣಾತ್ಮಕ ಚಿತ್ರ ಅದನ್ನು ಇದ್ದಂತೆಯೇ ಕೇಳಿಸಬಲ್ಲದು. ಇಲ್ಲಿ ಕನ್ನಡ ಅಧ್ಯಯನಕ್ಕೆ ಸಂಬಂಧಿಸಿದ ಒಂದು ತಾತ್ವಿಕ ಪ್ರಶ್ನೆಯೂ ಏಳುತ್ತದೆ. ಕರ್ನಾಟಕದ ಊರಿನಲ್ಲಿ, ಕರ್ನಾಟಕದ ಕಾರ್ಮಿಕರೊಡನೆ, ಬೆಂಗಳೂರಿನ ಬಳಗವೊಂದು ಮಾಡಿದ ‘ತಂಬಾಕು ಚಾಕಿಲಾ ಊಬ್ ಆಲಿ’ಯ ಹೆಂಗಸರು ಮರಾಠಿ ಆಡುತ್ತಾರೆ. ಅದು ಕನ್ನಡ ಸಂಸ್ಕೃತಿಯ ದಾಖಲೆಯಲ್ಲವೇ? ಅಲ್ಲವೆಂದರೆ ಔರಾದದ ಅರ್ಧ ಬದುಕನ್ನು ಕನ್ನಡ ಅಧ್ಯಯನದ ಹೊರಗಿಟ್ಟಂತಾಗುತ್ತದೆ.

ಈ ಮೂರೂ ಸಂದರ್ಭಗಳಿಗೆ ಪೂರಕವಾದ ಒಂದು ನೆಲೆ ಜಿಲ್ಲೆಯಲ್ಲಿ ಮೊದಲಿನಿಂದ ಇತ್ತೆಂಬುದನ್ನು ನೆನೆಯಬೇಕು. 1989ರಲ್ಲಿ ಮಹಿಳಾ ಸಮಖ್ಯ ಕಾರ್ಯಕ್ರಮ ಕರ್ನಾಟಕದಲ್ಲಿ ಆರಂಭವಾದಾಗ ಬಿಜಾಪುರ, ಮೈಸೂರುಗಳೊಂದಿಗೆ ಬೀದರವೂ ಮೊದಲ ಜಿಲ್ಲೆಗಳಲ್ಲೊಂದಾಗಿತ್ತು. ಅಕ್ಷರಕ್ಕಿಂತ ಮೊದಲು ಮಾತು, ಮಾತಿಗಿಂತ ಮೊದಲು ಕೂಡಿ ಕೂರುವ ಜಾಗ ಎಂಬುದು ಆ ಕಾರ್ಯಕ್ರಮದ ತತ್ವವಾಗಿತ್ತು. ಬಡ ಹೆಂಗಸರು, ಅವರಲ್ಲಿಯೂ ದಲಿತ ಹೆಂಗಸರು, ಸಂಘಗಳಲ್ಲಿ ಕೂತು ಕೂಲಿ, ಕುಡಿತ, ಬಾಲ್ಯವಿವಾಹ, ನೀರುಗಳ ಬಗ್ಗೆ ಚರ್ಚಿಸಿದರು. ಯುಗಾಂತರದ ಚಿತ್ರಗಳ ಹಿಂದಿದ್ದ ವಿಧಾನವೂ ಇದೇ. ಕಾರ್ಯಕ್ರಮ ನಿಂತುಹೋಗಿದೆ, ಆ ಸಭೆಗಳಲ್ಲಿ ಮಾತು ಕಲಿತ ಹೆಂಗಸರ ಪೀಳಿಗೆ ಈಗ ವೃದ್ಧಾಪ್ಯಕ್ಕೆ ಸರಿದಿದೆ. ಅವರ ನೆನಪುಗಳನ್ನು ಅವರದೇ ಧ್ವನಿಯಲ್ಲಿ, ಅವರದೇ ಬೀದರ ಕನ್ನಡದಲ್ಲಿ ದಾಖಲಿಸುವ ಕೆಲಸ ತಡವಾದಷ್ಟೂ ಕಳೆದುಹೋಗುವುದು ಹೆಚ್ಚು.

8. ಸಮಾರೋಪ

ದೀಪಾ ಧನರಾಜ್ ಅವರನ್ನು ಕಟ್ಟುನಿಟ್ಟಾದ ಅರ್ಥದಲ್ಲಿ ವೀಕ್ಷಣಾತ್ಮಕ ಚಿತ್ರಕರ್ತರೆಂದು ಕರೆಯಲಾಗದು. ಆದರೆ ವೀಕ್ಷಣೆಯ ಶಕ್ತಿ ಎಲ್ಲಿದೆ, ಅದರ ಮಿತಿ ಎಲ್ಲಿ ಆರಂಭವಾಗುತ್ತದೆ ಎಂಬುದನ್ನು ಅವರ ಚಿತ್ರಗಳಷ್ಟು ಸ್ಪಷ್ಟವಾಗಿ ತೋರುವ ಉದಾಹರಣೆಗಳು ಕರ್ನಾಟಕದಲ್ಲಿ ವಿರಳ. ಬಲವುಳ್ಳವರನ್ನು ದೂರದಿಂದ, ದೀರ್ಘವಾಗಿ, ನಿಷ್ಠುರವಾಗಿ ನೋಡಬೇಕು. ಬಲವಿಲ್ಲದವರ ಬಳಿ ಕೂತು ಕೇಳಬೇಕು, ಅವರ ಕಥನಕ್ಕೆ ಅವರನ್ನೇ ಪಾಲುದಾರರನ್ನಾಗಿ ಮಾಡಿಕೊಳ್ಳಬೇಕು. ನಿಪ್ಪಾಣಿ, ಹೈದರಾಬಾದು, ಶಸ್ತ್ರಚಿಕಿತ್ಸೆಯ ಶಿಬಿರ, ಮಹಿಳಾ ಜಮಾತು ಎಂಬ ನಾಲ್ಕು ನಿಲುಗಡೆಗಳಲ್ಲಿ ಈ ವಿವೇಕ ಕ್ರಮೇಣ ರೂಪುಗೊಂಡಿದೆ.

ಯುಗಾಂತರದ ಚಿತ್ರಗಳೂ ‘ಕ್ಯಾ ಹುವಾ ಇಸ್ ಶಹರ್ ಕೋ?’ ಚಿತ್ರವೂ ಬರ್ಲಿನ್ನಿನ ಆರ್ಸೆನಲ್ ಸಂಸ್ಥೆಯ ಪ್ರಯತ್ನದಿಂದ ಪುನರುಜ್ಜೀವನಗೊಂಡು ಇಂದು ನೋಡಲು ದೊರೆಯುತ್ತಿವೆ. ನಿಪ್ಪಾಣಿಯ ಕಾರ್ಮಿಕ ಹೆಂಗಸರ ಮುಖ ಮತ್ತು ಮಾತು ಜರ್ಮನಿಯಲ್ಲಿ ಕಾಪಾಡಲ್ಪಟ್ಟಿವೆ ಎಂಬುದು ಸಂತೋಷದ ಸಂಗತಿಯಾದರೂ ಕರ್ನಾಟಕದ ವಿಶ್ವವಿದ್ಯಾಲಯಗಳು ಯೋಚಿಸಬೇಕಾದ ಸಂಗತಿಯೂ ಹೌದು. ಶಾಸನಗಳನ್ನು, ತಾಳೆಗರಿಗಳನ್ನು, ಜನಪದ ಗೀತೆಗಳನ್ನು ಹಳ್ಳಿಹಳ್ಳಿ ತಿರುಗಿ ಸಂಗ್ರಹಿಸಿದ ಪರಂಪರೆ ಕನ್ನಡ ವಿಭಾಗಗಳಿಗಿದೆ. ಆ ಪರಂಪರೆಯ ಮುಂದಿನ ಹೆಜ್ಜೆಯಾಗಿ ದೃಶ್ಯದಾಖಲೆಗಳ ಸಂಗ್ರಹ, ಸಂರಕ್ಷಣೆ ಹಾಗೂ ಅಧ್ಯಯನವನ್ನು ಕೈಗೆತ್ತಿಕೊಂಡರೆ ಬೀದರ, ಭಾಲ್ಕಿ, ಔರಾದಗಳ ಜನ ನೋಡಿಸಿಕೊಳ್ಳುವವರ ಸ್ಥಾನದಿಂದ ತಮ್ಮ ಕಥೆಯನ್ನು ತಾವೇ ನುಡಿಯುವವರ ಸ್ಥಾನಕ್ಕೆ ಬರಲು ದಾರಿಯಾಗುತ್ತದೆ.